ಬೈಲಕುಪ್ಪೆಯಲ್ಲಿ ಹುಟ್ಟಿದ ಟಿಬೆಟಿಯನ್ ಗೆಳೆಯ ಭಾರತದ ಪ್ರಜೆನಾ? – ವಕೀಲರಿಗೆ ಒಂದು ಪ್ರಶ್ನೆ

ಪ್ರಶ್ನೆ: ನಮಸ್ಕಾರ ಸರ್. ನಮ್ಮದು ಪಿರಿಯಾಪಟ್ಟಣ. ನನ್ನ ಗೆಳೆಯನೊಬ್ಬ 1985ರಲ್ಲಿ ಬೈಲಕುಪ್ಪೆ ಕ್ಯಾಂಪಿನಲ್ಲೇ ಹುಟ್ಟಿದವನು. ಕನ್ನಡ ನಮ್ಮಂತೆಯೇ ಮಾತಾಡುತ್ತಾನೆ. ಆದರೂ ಆರ್‌ಸಿ (ಟಿಬೆಟಿಯನ್ ನಿರಾಶ್ರಿತರ ನೋಂದಣಿ ಪತ್ರ) ರಿನ್ಯೂವಲ್ ಅಂತ ಇವತ್ತಿಗೂ ಓಡಾಡುತ್ತಾನೆ. ತಂಗಿ ಹುಟ್ಟಿದ್ದು 1990ರಲ್ಲಿ. ಅಪ್ಪ ಅಮ್ಮ ಟಿಬೆಟ್‌ನಿಂದ ಬಂದವರು. ಇವರಿಬ್ಬರಿಗೆ ಪೌರತ್ವ ಸಿಗುತ್ತಾ? ಸಿಎಎ (ಪೌರತ್ವ ತಿದ್ದುಪಡಿ ಕಾಯ್ದೆ) ಇವರಿಗೆ ಅನ್ವಯಿಸುತ್ತಾ?

ಉತ್ತರ: ನಿಮ್ಮ ಗೆಳೆಯ ಪೌರತ್ವವನ್ನು ಬೇಡಬೇಕಾಗಿಲ್ಲ. ಹುಟ್ಟಿದ ದಿನವೇ ಬಂದಿದೆ. 1955ರ ಪೌರತ್ವ ಕಾಯ್ದೆಯ 3ನೇ ಸೆಕ್ಷನ್ ಪ್ರಕಾರ, 1950ರ ಜನವರಿ 26ರಿಂದ 1987ರ ಜೂನ್ 30ರವರೆಗೆ ಈ ನೆಲದಲ್ಲಿ ಹುಟ್ಟಿದವರು ಭಾರತದ ಪ್ರಜೆಗಳು. ಅಪ್ಪ ಅಮ್ಮ ನಿರಾಶ್ರಿತರಾಗಿದ್ದರೂ ಅಷ್ಟೇ. ದೆಹಲಿ ಹೈಕೋರ್ಟ್ 2010ರಲ್ಲಿ, ನಮ್ಮ ಕರ್ನಾಟಕ ಹೈಕೋರ್ಟ್ 2013ರಲ್ಲಿ ಟಿಬೆಟಿಯನ್ನರ ಕೇಸಿನಲ್ಲೇ ಇದನ್ನು ಎತ್ತಿಹಿಡಿದಿವೆ. 2014ರಲ್ಲಿ ಚುನಾವಣಾ ಆಯೋಗವೂ ಇಂಥವರನ್ನು ಮತದಾರರ ಪಟ್ಟಿಗೆ ಸೇರಿಸಲು ಹೇಳಿತು.

ತಂಗಿಯದು ಕಷ್ಟ. 1987ರ ಜುಲೈ 1ರಿಂದ ಈಚೆಗೆ ಹುಟ್ಟಿದವರಿಗೆ ಅಪ್ಪ ಅಥವಾ ಅಮ್ಮ ಭಾರತದ ಪ್ರಜೆಯಾಗಿರಬೇಕು. ಒಂದೇ ಮನೆ, ಒಂದೇ ತಾಯಿ, ಆದರೆ ಅಣ್ಣ ಪ್ರಜೆ, ತಂಗಿ ವಿದೇಶಿ! ನನಗೆ ಇದು ಅನ್ಯಾಯ ಅನ್ನಿಸುತ್ತದೆ. 2019ರ ಸಿಎಎ ಪಾಕಿಸ್ತಾನ, ಬಾಂಗ್ಲಾದೇಶ, ಅಫ್ಘಾನಿಸ್ತಾನದಿಂದ ಬಂದವರಿಗೆ ಮಾತ್ರ. ಟಿಬೆಟ್ ಅದರಲ್ಲಿಲ್ಲ. ಚರ್ಚೆ ಆಗಬೇಕಾದದ್ದು ಇಲ್ಲೇ ಅಲ್ವಾ? ಆಕೆಗೆ ಉಳಿದಿರುವುದು ವಿದೇಶಿಯರಂತೆ ಕೇಂದ್ರ ಸರ್ಕಾರಕ್ಕೆ ಅರ್ಜಿ ಹಾಕುವ ದಾರಿ. ಕೊಡುವುದು ಬಿಡುವುದು ಸರ್ಕಾರದ ಕೈಲಿದೆ.

ಪ್ರಶ್ನೆ: ಪಾಸ್‌ಪೋರ್ಟ್ ತಗೊಂಡರೆ ಕ್ಯಾಂಪಿನ ಮನೆ ಬಿಡಬೇಕು ಅಂತಾರೆ. ಹೌದಾ ಸರ್?

ಉತ್ತರ: ಸುಮ್ನೆ ಹುಟ್ಟಿದ ಮಾತಲ್ಲ. 2017ರಲ್ಲಿ ಕೇಂದ್ರ ಸರ್ಕಾರ ಇಂಥವರಿಗೆ ಪಾಸ್‌ಪೋರ್ಟ್ ಕೊಡಲು ಒಪ್ಪಿದಾಗ ಅಂಥ ಷರತ್ತು ಹಾಕಿದ್ದರು: ಆರ್‌ಸಿ ವಾಪಸ್ ಕೊಡಬೇಕು, ಕ್ಯಾಂಪಿನಲ್ಲಿ ಇರಬಾರದು, ನಿರಾಶ್ರಿತರ ಸೌಲಭ್ಯ ಬಿಡಬೇಕು. ಕ್ಯಾಂಪಿನ ಜಮೀನು ಸರ್ಕಾರ ನಿರಾಶ್ರಿತರಿಗೆಂದು ಕೊಟ್ಟದ್ದು, ಯಾರ ಸ್ವಂತ ಆಸ್ತಿಯೂ ಅಲ್ಲ. ಸೌಲಭ್ಯ ಬಿಡಿ ಅಂದರೆ ಒಪ್ಪಬಹುದು. ಹುಟ್ಟಿದ ಮನೆಯನ್ನೇ ಬಿಡು ಅಂದರೆ ಹೇಗೆ? ವಯಸ್ಸಾದ ತಾಯಿ ಅಲ್ಲೇ ಇರುತ್ತಾರಲ್ಲ.

ಇನ್ನೊಂದು ಮಾತು. ಭಾರತದ ಪ್ರಜೆಯಾದರೆ ಟಿಬೆಟ್‌ನ ಹೋರಾಟ ಬಿಟ್ಟಂತೆ ಎಂದು ಅವರಲ್ಲೇ ಹಲವರು ಭಾವಿಸುತ್ತಾರೆ. ಹಾಗಾಗಿ ಗೆಳೆಯನಿಗೆ ಒತ್ತಾಯ ಮಾಡಬೇಡಿ. ಅವನೇ ಯೋಚಿಸಲಿ. ಮನಸ್ಸು ಮಾಡಿದರೆ ಮೊದಲು ಬೇಕಾದದ್ದು ಜನನ ಪ್ರಮಾಣಪತ್ರ. ಮನೆಯ ಹಳೇ ಟ್ರಂಕು ತೆಗೆಸಿ, 1985ರ ಆಸ್ಪತ್ರೆ ಚೀಟಿ ಇದೆಯಾ ನೋಡಿಸಿ.