80 ಗಂಟೆ ಫುಟೇಜ್, 60 ನಿಮಿಷದ ಸಾಕ್ಷ್ಯಚಿತ್ರ: ಅಸಿಸ್ಟೆಂಟ್ ಎಡಿಟರ್ ಎಲ್ಲಿಂದ ಶುರು ಮಾಡಬೇಕು?

ಪ್ರಶ್ನೆ

ನಮಸ್ಕಾರ. ಜಾಹೀರಾತು, ಕಿರು ವಿಡಿಯೊ ಎಡಿಟ್ ಮಾಡಿ ಅಭ್ಯಾಸವಿದೆ. ಈಗ ಸಾಕ್ಷ್ಯಚಿತ್ರವೊಂದಕ್ಕೆ ಅಸಿಸ್ಟೆಂಟ್ ಆಗಿ ಸೇರುತ್ತಿದ್ದೇನೆ. ಎರಡು ಕ್ಯಾಮೆರಾ, ಧ್ವನಿ ಬೇರೆ ರೆಕಾರ್ಡರ್‌ನಲ್ಲಿ, ಜೊತೆಗೆ ಒಂದಷ್ಟು ಮೊಬೈಲ್ ಫುಟೇಜ್. ಸ್ಕ್ರಿಪ್ಟ್ ಇಲ್ಲ. ಮೊದಲ ವಾರ ಏನು ಮಾಡಲಿ? ಮುಂದೆ ಎಡಿಟರ್ ಆಗಬೇಕಾದರೆ ಯಾವ ಕೆಲಸದಲ್ಲಿ ಕೈ ಪಳಗಬೇಕು?

ಉತ್ತರ 1

ಮೊದಲ ವಾರ ಒಂದು ಕಟ್ ಕೂಡ ಬೇಡ. ಕಾರ್ಡ್‌ನಿಂದ ಇಳಿಸಿದ್ದಕ್ಕೆ ಮೂರು ಪ್ರತಿ ಇರಲಿ, ಅದರಲ್ಲಿ ಒಂದು ಬೇರೆ ಕಟ್ಟಡದಲ್ಲಿರಲಿ. ಫೋಲ್ಡರ್ ಎಳೆದು ಹಾಕಿದರೆ ಸಾಲದು, ಚೆಕ್‌ಸಮ್ (ನಕಲು ಮೂಲದಂತೆಯೇ ಇದೆಯೇ ಎಂದು ಹೇಳುವ ಸಂಖ್ಯೆ) ತಾಳೆ ನೋಡುವ ತಂತ್ರಾಂಶದಿಂದಲೇ ನಕಲು ಮಾಡಿ.

ಕ್ಯಾಮೆರಾ ಕೊಟ್ಟ ಫೈಲ್ ಹೆಸರನ್ನು ಬದಲಿಸಲೇಬೇಡಿ. ಕೊನೆಯಲ್ಲಿ ಪ್ರಾಕ್ಸಿ (ಎಡಿಟ್‌ಗೆಂದು ಮಾಡಿಕೊಂಡ ಹಗುರ ಪ್ರತಿ) ತೆಗೆದು ಮೂಲ ಫೈಲ್ ಜೋಡಿಸುವಾಗ ತಂತ್ರಾಂಶ ಹುಡುಕುವುದು ಆ ಹೆಸರನ್ನು ಮತ್ತು ಟೈಮ್‌ಕೋಡನ್ನು (ಪ್ರತಿ ಫ್ರೇಮ್‌ಗೂ ಇರುವ ಸಮಯದ ಗುರುತು). ಎರಡೂ ಕ್ಯಾಮೆರಾದಲ್ಲಿ ಒಂದೇ ಹೆಸರಿನ ಫೈಲ್ ಹುಟ್ಟುವುದು ಮಾಮೂಲಿ. ಹಾಗಾಗಿ ದಿನಾಂಕ, ಕ್ಯಾಮೆರಾ, ಕಾರ್ಡ್ ಸಂಖ್ಯೆ ಹಾಕಿ ಫೋಲ್ಡರ್ ಬೇರೆ ಮಾಡಿ, ರೀಲ್ ಹೆಸರೂ (ಕ್ಲಿಪ್ ಯಾವ ಕಾರ್ಡಿನದು ಎಂಬ ಗುರುತು) ತುಂಬಿಡಿ.

1080ರ ಪ್ರೋರೆಸ್ (ಆ್ಯಪಲ್‌ನ ವಿಡಿಯೊ ಫಾರ್ಮ್ಯಾಟ್) ಪ್ರಾಕ್ಸಿ ಸೆಕೆಂಡಿಗೆ 25 ಫ್ರೇಮ್‌ನಲ್ಲಿ ಗಂಟೆಗೆ ಸುಮಾರು 17 ಜಿಬಿ. ನಿಮ್ಮ 80 ಗಂಟೆಗೆ 1.4 ಟಿಬಿ ಹತ್ತಿರ ಬರುತ್ತದೆ, 2 ಟಿಬಿ ಡ್ರೈವ್ ಸಾಕು. ಪ್ರಾಕ್ಸಿಯಲ್ಲೂ ಮೂಲದಲ್ಲೂ ಆಡಿಯೊ ಚಾನೆಲ್ ಸಂಖ್ಯೆ ಒಂದೇ ಇರಬೇಕು, ಇಲ್ಲವಾದರೆ ಮರುಜೋಡಣೆ ಕೈಕೊಡುತ್ತದೆ.

ಸಿಂಕ್ ಮಾಡಿದ (ಚಿತ್ರಕ್ಕೆ ಧ್ವನಿ ಹೊಂದಿಸಿದ) ಮೇಲೆ ಕ್ಲಿಪ್‌ನ ತಲೆಯಷ್ಟೇ ಅಲ್ಲ, ಬಾಲವನ್ನೂ ನೋಡಿ. ಶುರುವಿನಿಂದ ಕೊನೆವರೆಗೆ ಒಂದೇ ಅಂತರ ಇದ್ದರೆ ಸರಿಸಿದರಾಯಿತು. ಅಂತರ ಬೆಳೆಯುತ್ತಾ ಹೋದರೆ ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಫ್ರೇಮ್) ತಪ್ಪಿದೆ ಎಂದು ಅನುಮಾನಿಸಿ. 23.976ರ ಫುಟೇಜನ್ನು 24 ಎಂದು ಓಡಿಸಿದರೆ ಗಂಟೆಗೆ 3.6 ಸೆಕೆಂಡ್ ಜಾರುತ್ತದೆ. ಹತ್ತೇ ನಿಮಿಷಕ್ಕೆ ತುಟಿ ಒಂದು ಕಡೆ, ಮಾತು ಒಂದು ಕಡೆ. ಮೊಬೈಲ್ ಫುಟೇಜ್‌ನ ಫ್ರೇಮ್ ರೇಟ್ ಸಾಮಾನ್ಯವಾಗಿ ಏರಿಳಿಯುತ್ತಿರುತ್ತದೆ. ಅದನ್ನು ಸ್ಥಿರ ರೇಟ್‌ಗೆ ಬದಲಿಸಿಕೊಂಡ ನಂತರವೇ ಪ್ರಾಜೆಕ್ಟ್ ಒಳಗೆ ತನ್ನಿ.

ಉತ್ತರ 2

ಮೇಲಿನದು ಮುಗಿದ ಮೇಲೆ ಎಲ್ಲವನ್ನೂ ನೋಡಿ. ದಿನಕ್ಕೆ ಆರು ಗಂಟೆಯಂತೆ 80 ಗಂಟೆಗೆ ಎರಡು ವಾರ ಹಿಡಿಯುತ್ತದೆ. ಇದನ್ನು ಯಾರೂ ತಪ್ಪಿಸಬಾರದು. ಅಸಿಸ್ಟೆಂಟ್ ಒಬ್ಬರು ಎಡಿಟರ್ ಆಗಿ ಬೆಳೆಯುವುದು ಇಲ್ಲಿಯೇ: "ಆಕೆ ಮಾತು ನಿಲ್ಲಿಸಿ ಕಿಟಕಿ ನೋಡಿದ ಶಾಟ್ ಎಲ್ಲಿದೆ?" ಎಂದು ಕೇಳಿದಾಗ ತಕ್ಷಣ ತೆಗೆದುಕೊಡುವವರನ್ನು ಯಾವ ಎಡಿಟರೂ ಬಿಟ್ಟುಕೊಡುವುದಿಲ್ಲ.

ಸಂದರ್ಶನಗಳನ್ನು ಟೈಮ್‌ಕೋಡ್ ಸಮೇತ ಬರಹಕ್ಕಿಳಿಸಿ, ವಿಷಯವಾರು ಒಂದರ ಹಿಂದೆ ಒಂದು ಸೇರಿಸಿ ಸ್ಟ್ರಿಂಗ್‌ಔಟ್ ಮಾಡಿ. ಆದರೆ ಕಾಗದ ಮೋಸ ಮಾಡುತ್ತದೆ. ಓದಲು ಭರ್ಜರಿಯಾಗಿರುವ ಸಾಲು ದನಿಯಲ್ಲಿ ಸಪ್ಪೆಯಾಗಿರಬಹುದು. ದನಿ ಏರಿರುವ ಕಡೆ ವಾಕ್ಯ ಮುಗಿಸಿದರೆ ಕಿವಿ ಒಪ್ಪುವುದಿಲ್ಲ.

ಕನ್ನಡದಲ್ಲಿ ಬೈಟ್ (ಸಂದರ್ಶನದ ಮಾತಿನ ತುಣುಕು) ಕತ್ತರಿಸುವಾಗ ಇನ್ನೊಂದು ಅಪಾಯವಿದೆ. ನಮ್ಮ ವಾಕ್ಯದ ಅರ್ಥ ತೀರ್ಮಾನವಾಗುವುದೇ ಕೊನೆಯಲ್ಲಿ. "ಆ ದಿನ ನಾನು ಅಲ್ಲಿ ಇರಲಿಲ್ಲ ಅಂತ ಎಲ್ಲರೂ ಅಂದುಕೊಂಡಿದ್ದಾರೆ" ಎಂಬ ಮಾತನ್ನು "ಇರಲಿಲ್ಲ"ಕ್ಕೇ ಕತ್ತರಿಸಿ ನೋಡಿ. ಮಾತು ಅವರದೇ, ದನಿಯೂ ಅವರದೇ, ಹೇಳಿದ್ದು ಮಾತ್ರ ಉಲ್ಟಾ. ಕ್ಯಾಮೆರಾ ಮುಂದೆ ಕೂತವರು ನಮ್ಮನ್ನು ನಂಬಿ ಮಾತಾಡಿರುತ್ತಾರೆ. ಪ್ರತಿ ಬೈಟ್ ಇಟ್ಟ ಮೇಲೂ ಮೂಲ ಕ್ಲಿಪ್‌ಗೆ ಹೋಗಿ ಹಿಂದೆ ಮುಂದೆ ಅರ್ಧ ನಿಮಿಷ ಕೇಳಿ.

ಕಟ್ಟನ್ನು ಉಸಿರಿನ ಮಧ್ಯೆ ಹಾಕಬೇಡಿ. ಇಡೀ ಉಸಿರು ಉಳಿಸಿ, ಇಲ್ಲವೇ ಇಡೀ ತೆಗೆಯಿರಿ. ನಡುವಿನ ಖಾಲಿಗೆ ಅದೇ ಕೋಣೆಯ ರೂಮ್ ಟೋನ್ (ಯಾರೂ ಮಾತಾಡದಾಗಿನ ಸದ್ದು) ತುಂಬಿ. ಪ್ರತಿ ಜಾಗದಲ್ಲೂ 30 ಸೆಕೆಂಡ್ ರೆಕಾರ್ಡ್ ಮಾಡಿಕೊಂಡು ಬರಲು ಚಿತ್ರೀಕರಣ ತಂಡಕ್ಕೆ ಈಗಲೇ ಹೇಳಿಬಿಡಿ.

ಉತ್ತರ 3

ಎಡಿಟ್ ಲಾಕ್ ಆದ (ಇನ್ನು ಬದಲಿಸುವುದಿಲ್ಲ ಎಂದು ನಿಂತ) ನಂತರದ ಕೆಲಸ ಕಲಿತವರಿಗೆ ಬೇಡಿಕೆ ಹೆಚ್ಚು. ಧ್ವನಿಯವರಿಗೆ ಎಎಎಫ್ (ಟೈಮ್‌ಲೈನನ್ನು ಬೇರೆ ತಂತ್ರಾಂಶಕ್ಕೆ ಸಾಗಿಸುವ ಫೈಲ್), ಪ್ರತಿ ಕ್ಲಿಪ್‌ಗೆ ಎರಡೂ ಬದಿ 2 ಸೆಕೆಂಡ್ ಹ್ಯಾಂಡಲ್ (ಕಟ್‌ನಾಚೆಗಿನ ಹೆಚ್ಚುವರಿ ಭಾಗ). ಕಲರ್‌ನವರಿಗೆ ಅದೇ ಕೆಲಸಕ್ಕೆ ಎಕ್ಸ್‌ಎಂಎಲ್ ಫೈಲ್. ಇಬ್ಬರಿಗೂ ಟೈಮ್‌ಕೋಡ್ ಅಚ್ಚಾದ ರೆಫರೆನ್ಸ್ ವಿಡಿಯೊ. ಚಿತ್ರದ ಮೊದಲ ಫ್ರೇಮ್‌ಗೆ ಸರಿಯಾಗಿ 2 ಸೆಕೆಂಡ್ ಮುಂಚೆ ಒಂದು ಫ್ರೇಮ್ ಬೀಪ್ ಇರಲಿ, ಸಿಂಕ್ ಸರಿಯಿದೆಯೇ ಎಂದು ಅದರಿಂದಲೇ ಗೊತ್ತಾಗುತ್ತದೆ.

ಹಳೆಯ ಫುಟೇಜ್, ಫೋಟೊ ಬಳಸುತ್ತಿದ್ದರೆ ಮೊದಲ ದಿನದಿಂದಲೇ ಒಂದು ಪಟ್ಟಿ ಇಡಿ: ಯಾರದ್ದು, ಹಕ್ಕು ಸಿಕ್ಕಿದೆಯೇ, ಎಷ್ಟು ಸೆಕೆಂಡ್ ಬಳಸಿದ್ದೀರಿ. ಹಕ್ಕು ಸಿಗದ ಶಾಟ್ ಮೇಲೆ ನಿಂತ ದೃಶ್ಯ ಲಾಕ್ ಹೊತ್ತಿಗೆ ಪೂರ್ತಿ ಕುಸಿಯುತ್ತದೆ.

ಎಡಿಟರ್ ಆಗಲು: ಒಂದು ದೃಶ್ಯ ಕೊಡಿ ಎಂದು ನೀವೇ ಕೇಳಿ, ಕಟ್ ಮಾಡಿ ತೋರಿಸಿ. ಮುಂದೆ ಕೆಲಸ ಕೇಳುವಾಗ ಝಗಮಗ ಶೋರೀಲ್‌ಗಿಂತ ಐದು ನಿಮಿಷದ ಇಡೀ ದೃಶ್ಯ ಹೆಚ್ಚು ಮಾತಾಡುತ್ತದೆ. ಕರಾರಿನಲ್ಲಿ ವಾರಗಳ ಸಂಖ್ಯೆ, ಎಷ್ಟು ಕಟ್‌ಗಳು (ಚಿತ್ರದ ತಿದ್ದಿದ ಆವೃತ್ತಿಗಳು), ಕ್ರೆಡಿಟ್ ಹೇಗೆ ಎಂಬುದೆಲ್ಲ ಮೊದಲೇ ಬರೆಸಿಕೊಳ್ಳಿ. ಕ್ರೆಡಿಟ್ ಸಣ್ಣ ವಿಷಯವಲ್ಲ. 1969ರ ಅಮೆರಿಕನ್ ಸಾಕ್ಷ್ಯಚಿತ್ರ 'ಸೇಲ್ಸ್‌ಮನ್'ನ ಸಂಕಲನ ಮಾಡಿದ ಶಾರ್ಲಟ್ ಜ್ವೆರಿನ್ ಅವರಿಗೆ ಅದನ್ನು ನಿರ್ದೇಶಿಸಿದ ಮೇಸಲ್ಸ್ ಸಹೋದರರ ಜೊತೆ ನಿರ್ದೇಶಕಿಯ ಹೆಸರೂ ಸಿಕ್ಕಿತು. ಸ್ಕ್ರಿಪ್ಟ್ ಇಲ್ಲದ ಚಿತ್ರಕ್ಕೆ ಕಥೆ ಹುಟ್ಟುವುದೇ ಎಡಿಟ್ ಮೇಜಿನ ಮೇಲೆ.

ಪ್ರಶ್ನೆ ಕೇಳಿದವರು

ತುಂಬಾ ಧನ್ಯವಾದ. ಬರಹಕ್ಕಿಳಿಸಲು ಆಟೊಮ್ಯಾಟಿಕ್ ತಂತ್ರಾಂಶ ನಂಬಬಹುದೇ?

ಉತ್ತರ 2

ಹುಡುಕಲು ಬಳಸಿ, ಕಟ್ ಮಾಡಲು ನಂಬಬೇಡಿ. ಹೆಸರು, ಅಂಕಿ, ಆಡುಮಾತಿನ ರೂಪಗಳು ತಪ್ಪುತ್ತವೆ. ವಾಕ್ಯದ ಕೊನೆಗೆ ದನಿ ಇಳಿದಾಗ "ಬರಲಿಲ್ಲ" ಎಂಬುದು "ಬರಲಿ" ಆಗಿ ಕೂರಬಹುದು. ಆಯ್ದ ಬೈಟ್‌ಗಳನ್ನಾದರೂ ಹೆಡ್‌ಫೋನ್ ಹಾಕಿ ನೀವೇ ತಿದ್ದಿ.