ಮುಳುಗಡೆಗೆ ಮುಂಚಿನ ಬಾಗಲಕೋಟೆಯ ವಿಡಿಯೊ ಎಲ್ಲಿ ಸಿಗುತ್ತದೆ?

ಪ್ರಶ್ನೆ: ನಮಸ್ಕಾರ ಅಕ್ಕಾ. ಆಲಮಟ್ಟಿ ಹಿನ್ನೀರಿಗೆ ಹೋದ ಹಳೇ ಬಾಗಲಕೋಟೆ ಬಗ್ಗೆ ಅರ್ಧ ಗಂಟೆಯ ಸಾಕ್ಷ್ಯಚಿತ್ರ ಮಾಡುತ್ತಿದ್ದೇವೆ. ಹಿರಿಯರ ಮಾತು ರೆಕಾರ್ಡ್ ಆಗಿದೆ. ಆದರೆ ಆಗಿನ ಓಣಿ, ಬಜಾರದ ದೃಶ್ಯ ಸಿಗುತ್ತಿಲ್ಲ. ನೆಟ್‌ನಲ್ಲಿ ಹುಡುಕಿದರೆ ಬರೀ ಡ್ಯಾಮಿನ ಡ್ರೋನ್ ಶಾಟ್. ನೀವು ಚಾನೆಲ್‌ಗಳಿಗೆ ಹಳೇ ಫುಟೇಜ್ ಹುಡುಕಿಕೊಡುತ್ತೀರಿ, ಅಲ್ವಾ? ಎಲ್ಲಿಂದ ಶುರು ಮಾಡಲಿ?

ಉತ್ತರ: ಮೊದಲು ಹುಡುಕುವ ಹೆಸರು ಬದಲಿಸು ತಮ್ಮಾ. ಬಾಗಲಕೋಟೆ ಜಿಲ್ಲೆಯಾದದ್ದು 1997ರಲ್ಲಿ. ಅದಕ್ಕೂ ಹಿಂದಿನ ಎಷ್ಟೋ ರೀಲು, ಟೇಪು ಬಿಜಾಪುರದ ಹೆಸರಲ್ಲಿ ಕೂತಿರುತ್ತವೆ. 1973ಕ್ಕೂ ಹಿಂದೆ ಹೋದರೆ ರಾಜ್ಯದ ಹೆಸರೇ ಮೈಸೂರು. ಆಲಮಟ್ಟಿ ಅಣೆಕಟ್ಟೆಗೆ ಲಾಲ್ ಬಹದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದ್ದು 1964ರ ಮೇ ತಿಂಗಳಲ್ಲಿ. ಆ ಕಾಲದ ಸುದ್ದಿಚಿತ್ರಕ್ಕೆ ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ವಿಭಾಗವಾಗಿದ್ದ ಫಿಲ್ಮ್ಸ್ ಡಿವಿಷನ್ ಸಂಗ್ರಹದಲ್ಲಿ 'ಮೈಸೂರು', 'ಕೃಷ್ಣಾ ನದಿ' ಅಂತ ಹುಡುಕಿಸು. ಅದು ಈಗ ಎನ್‌ಎಫ್‌ಡಿಸಿ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ) ಒಳಗಿದೆ. ಸಿನಿಮಾದ ಹಕ್ಕು ಬಿಡುಗಡೆಯಾದ ಮುಂದಿನ ವರ್ಷದಿಂದ 60 ವರ್ಷ. ಅದು ಮುಗಿದಿದ್ದರೂ ಪ್ರತಿ ಮಾಡಿಕೊಡಲು ದುಡ್ಡು ಕೇಳಬಹುದು.

ಓಣಿಯ ವಿಷಯ ಬೇರೆ. ಸುಮ್ನೆ ಓಣಿ ಅಂತ ಯಾರೂ ಕ್ಯಾಮೆರಾ ತಿರುಗಿಸುತ್ತಿರಲಿಲ್ಲ. ಮದುವೆ, ಹೋಳಿ ಹಿಡಿಯುತ್ತಿದ್ದರು. ಅದಕ್ಕೇ 'ಮುಳುಗಡೆ ವಿಡಿಯೊ ಇದೆಯಾ' ಅಂತ ಕೇಳಬೇಡ. 'ನಿಮ್ಮ ಮದುವೆ ಕ್ಯಾಸೆಟ್ ಇದೆಯಾ' ಅಂತ, ಮುಳುಗಡೆಯಾದವರಿಗೆ ಕಟ್ಟಿದ ನವನಗರದ ಮನೆಮನೆಯಲ್ಲಿ ಕೇಳು. ಮದುಮಗನ ಮೆರವಣಿಗೆ ನೋಡುವಾಗ ಮದುಮಗನನ್ನು ಬಿಡು, ಹಿಂದೆ ನೋಡು. ಅಂಗಡಿ ಬೋರ್ಡು, ಕಟ್ಟೆ ಮೇಲೆ ಕೂತವರು, ಮಾಳಿಗೆ ಮನೆ, ಎಲ್ಲ ಅಲ್ಲೇ ಇರುತ್ತವೆ. ಹೋಳಿ ಬಣ್ಣದ ಬಂಡಿ ಹಳೇ ಊರಿನ ಕಿಲ್ಲಾ ಓಣಿ ಕಡೆ ತಿರುಗುವ ಒಂದು ಶಾಟ್ ಸಿಕ್ಕರೆ ಇಡೀ ಬೀದಿ ಸಿಕ್ಕಂತೆ. ನನಗಂತೂ ದೊಡ್ಡ ಸಂಗ್ರಹಗಳಿಗಿಂತ ಈ ಕ್ಯಾಸೆಟ್‌ಗಳ ಮೇಲೇ ಜಾಸ್ತಿ ನಂಬಿಕೆ.

ಅಲ್ಲಿದ್ದ ಹಿರಿಯರನ್ನು ಕೂರಿಸಿ ತೋರಿಸು. ಯಾವ ಓಣಿ, ಯಾವ ವರ್ಷ ಅಂತ ಟೈಮ್‌ಕೋಡ್ (ವಿಡಿಯೊದಲ್ಲಿ ಆ ದೃಶ್ಯ ಬರುವ ಗಂಟೆ-ನಿಮಿಷ-ಸೆಕೆಂಡ್) ಸಮೇತ ಬರೆದುಕೋ. ಬೇರೆ ಊರಿನ ಬೀದಿ ತೋರಿಸಿ ಬಾಗಲಕೋಟೆ ಅಂದರೆ ಮನೆ ಕಳೆದುಕೊಂಡವರಿಗೆ ಎಷ್ಟು ನೋವಾಗುತ್ತದೆ, ಯೋಚಿಸು.

ಪ್ರಶ್ನೆ: ಮದುವೆ ಕ್ಯಾಸೆಟ್‌ಗೆ ಒಪ್ಪಿಗೆ ಯಾರಿಂದ? ವಿಡಿಯೊ ತೆಗೆದವರಿಂದಲೇ?

ಉತ್ತರ: ಬೇರೆ ಕರಾರು ಇಲ್ಲದಿದ್ದರೆ, ದುಡ್ಡು ಕೊಟ್ಟು ತೆಗೆಸಿದವರೇ ಮೊದಲ ಹಕ್ಕುದಾರರು. 1957ರ ಕಾಪಿರೈಟ್ ಕಾಯ್ದೆಯ 17ನೇ ಕಲಮು ಹಾಗೇ ಹೇಳುತ್ತದೆ. ಟಿವಿ, ಯೂಟ್ಯೂಬ್, ಚಿತ್ರೋತ್ಸವ, ಎಲ್ಲಕ್ಕೂ ಸೇರಿಸಿ ಮನೆಯವರಿಂದ ಬರೆಸಿಕೋ. ಹಿಂದೆ ಹಾಕಿರುವ ಸಿನಿಮಾ ಹಾಡಿನ ಹಕ್ಕು ಮಾತ್ರ ಅವರದ್ದಲ್ಲ, ಆ ಆಡಿಯೊ ತೆಗೆದುಬಿಡು.

ಪ್ರಶ್ನೆ: ಒಂದು ವಿಎಚ್‌ಎಸ್ ಸಿಕ್ಕಿದೆ. ಟೇಪಿನ ಅಂಚಲ್ಲಿ ಬಿಳಿ ಪುಡಿ ಇದೆ. ಹಾಕಿ ನೋಡಲಾ?

ಉತ್ತರ: ಬೇಡವೇ ಬೇಡ! ಅದು ಬೂಸ್ಟು ಇರಬಹುದು. ಹಾಗೇ ಹಾಕಿದರೆ ವಿಸಿಆರ್ ಹೆಡ್ಡಿಗೆ ಮೆತ್ತುತ್ತದೆ, ಟೇಪೂ ಹರಿಯಬಹುದು. ಒಣ ಜಾಗದಲ್ಲಿ ನಿಲ್ಲಿಸಿಡು, ಟೇಪ್ ಸ್ವಚ್ಛ ಮಾಡಿ ಡಿಜಿಟಲ್ ಮಾಡುವವರಿಗೇ ಕೊಡು. ಪೂರ್ತಿ ಟೇಪು ಕತ್ತರಿಸದೆ ಕಾಪಿ ಮಾಡಿಸು, ಒಂದು ಪ್ರತಿ ಆ ಮನೆಯವರಿಗೂ ಕೊಡು.