ಘಟ್ಟ ಅಂದರೆ ಬೆಟ್ಟವೋ, ದಾರಿಯೋ, ನಾಡಿನ ಅಂಚೋ?

ಎಲ್ಲರಿಗೂ ನಮಸ್ಕಾರ. ದಕ್ಷಿಣ ಆಫ್ರಿಕಾದ ಡ್ರೇಕನ್ಸ್‌ಬರ್ಗ್ ಬಗ್ಗೆ ಮಕ್ಕಳಿಗಾಗಿ ಒಂದು ಬರಹ ಮಾಡುತ್ತಿದ್ದೇನೆ. 'ಎಸ್ಕಾರ್ಪ್‌ಮೆಂಟ್' ಅನ್ನುವ ಪದದ ಹತ್ತಿರ ಬಂಡಿ ನಿಂತುಬಿಟ್ಟಿದೆ. ಒಂದು ಕಡೆ ಗೋಡೆಯಂಥ ಕಡಿದಾದ ಇಳಿಜಾರು, ಅದರ ಮೇಲೆ ಎತ್ತರದ ನಾಡು, ಇದು ಅದರ ಅರ್ಥ. ಕನ್ನಡದಲ್ಲಿ ಏನನ್ನೋಣ?

ಮೊದಲು 'ಪರ್ವತ ಶ್ರೇಣಿ' ಅಂತಲೇ ಬರೆದಿದ್ದೆ. ಆದರೆ ಶ್ರೇಣಿ ಅಂದಕೂಡಲೇ ಎರಡೂ ಕಡೆ ಇಳಿಜಾರಿರುವ ಸಾಲು ಕಣ್ಣಮುಂದೆ ಬರುತ್ತದೆ. ಈ ಕಡೆ ಹತ್ತಿದರೆ ಆ ಕಡೆ ಇಳಿಯಬೇಕು. ಡ್ರೇಕನ್ಸ್‌ಬರ್ಗ್ ಹಾಗಿಲ್ಲ. ಪೂರ್ವದ ತಗ್ಗಿನಲ್ಲಿರುವ ಕ್ವಾಝುಲು-ನಟಾಲ್ ಪ್ರಾಂತ್ಯದ ಕಡೆಯಿಂದ ನೋಡಿದರೆ ಅದೊಂದು ಗೋಡೆ. ಜುಲು ಭಾಷೆಯ ಹೆಸರಿಗೂ 'ಈಟಿಗಳ ತಡೆ' ಅನ್ನುವ ಅರ್ಥವಿದೆ. ಸಾನಿ ಪಾಸ್‌ನ ತಿರುವುಗಳನ್ನು ಹತ್ತಿ 2,876 ಮೀಟರ್ ತಲುಪಿದರೆ ಲೆಸೊಥೊ ದೇಶ. ಆಮೇಲೆ ಅಷ್ಟೇ ಇಳಿಯಬೇಕಾ? ಇಲ್ಲ. ಗುಡ್ಡಗಳು ತುಂಬಿದ ಎತ್ತರದ ನಾಡು ಮುಂದುವರಿಯುತ್ತದೆ. ಎಲ್ಲಕ್ಕಿಂತ ಎತ್ತರದ ಶಿಖರ, 3,482 ಮೀಟರಿನ ಥಬಾನಾ ನ್‌ಟ್ಲೆನ್ಯಾನಾ ಇರುವುದೂ ಗೋಡೆಯ ಮೇಲಲ್ಲ, ಒಳಗೆ ಲೆಸೊಥೊದಲ್ಲಿ.

ಕರಾವಳಿಯವನಾದ ನನಗೆ ಇದು ಗೊತ್ತಿರುವ ಕಥೆಯೇ. ಸೋಮೇಶ್ವರದಿಂದ 14 ತಿರುವು ಹತ್ತಿದರೆ ಆಗುಂಬೆ. ಅಲ್ಲಿಂದ ತೀರ್ಥಹಳ್ಳಿಗೆ ಹೋಗುವಾಗ ಹತ್ತಿದಷ್ಟು ಇಳಿಯುವುದೇ ಇಲ್ಲ. ನದಿಗಳ ಕಥೆಯೂ ಅದೇ. ಕಾವೇರಿ ಅರಬ್ಬಿ ಸಮುದ್ರದ ಪಕ್ಕದಲ್ಲೇ ಹುಟ್ಟಿ, ಅದಕ್ಕೆ ಬೆನ್ನು ಹಾಕಿ ಬಂಗಾಳ ಕೊಲ್ಲಿಗೆ ಹೋಗುತ್ತಾಳೆ. ಲೆಸೊಥೊದಲ್ಲಿ ಹುಟ್ಟುವ ಆರೆಂಜ್ ನದಿ ಹತ್ತಿರದ ಹಿಂದೂ ಮಹಾಸಾಗರ ಬಿಟ್ಟು, ಇಡೀ ಖಂಡ ದಾಟಿ ಅಟ್ಲಾಂಟಿಕ್ ಸೇರುತ್ತದೆ.

ಹಾಗಾದರೆ 'ಘಟ್ಟ' ಅಂದುಬಿಡಬಹುದು, ಅಲ್ವಾ? ನಮ್ಮ ಮನೆಯಲ್ಲಿ 'ಘಟ್ಟದ ಮೇಲೆ', 'ಘಟ್ಟ ಇಳಿದು ಬಂದರು' ಅನ್ನುತ್ತಾರೆ. ಕುದುರೆಮುಖದ ತುದಿಗೆ ಹೋಗಿಬಂದವರು ಮಾತ್ರ 'ಘಟ್ಟ ಹತ್ತಿದೆವು' ಅನ್ನುವುದಿಲ್ಲ, 'ಬೆಟ್ಟ ಹತ್ತಿದೆವು' ಅನ್ನುತ್ತಾರೆ. ಅಂದರೆ ಮಾತಿನಲ್ಲಿ ಘಟ್ಟ ಶಿಖರವಲ್ಲ. ಕೆಳಗಿನ ನಾಡಿಗೂ ಮೇಲಿನ ನಾಡಿಗೂ ನಡುವಿನ ದೊಡ್ಡ ಮೆಟ್ಟಿಲು. ಸ್ನಾನಘಟ್ಟದಲ್ಲಿರುವುದೂ ಮೆಟ್ಟಿಲೇ ತಾನೇ? ದಾರಿಗೆ ಶಿರಾಡಿ ಘಾಟಿ, ಚಾರ್ಮಾಡಿ ಘಾಟಿ ಅಂತ 'ಘಾಟಿ' ಬೇರೆ ಇದೆ. ಸಾನಿ ಪಾಸನ್ನು ಧೈರ್ಯವಾಗಿ ಸಾನಿ ಘಾಟಿ ಅನ್ನಬಹುದು.

ತೊಡಕು ಇರುವುದು ನಕ್ಷೆಯ ಕನ್ನಡದಲ್ಲಿ. ಪೂರ್ವಘಟ್ಟ ಇಂಥ ಮೆಟ್ಟಿಲಲ್ಲ. ಗೋದಾವರಿ, ಕೃಷ್ಣೆಯರು ನಡುನಡುವೆ ಕೊರೆದು ಹಾಕಿದ ಬಿಡಿಬಿಡಿ ಬೆಟ್ಟಗಳು ಅವು. ಪಶ್ಚಿಮಘಟ್ಟದಲ್ಲೂ ಪಾಲಕ್ಕಾಡಿನ ಕಂಡಿ ದಾಟಿದ ಮೇಲೆ 2,695 ಮೀಟರಿನ ಆನಮುಡಿ ಸಿಗುತ್ತದೆ. ಅಲ್ಲಿಂದ ಪೂರ್ವಕ್ಕೆ ನಡೆದರೆ ಮತ್ತೆ ತಮಿಳುನಾಡಿನ ಬಯಲಿಗೆ ಇಳಿಯಲೇಬೇಕು. ಇವಕ್ಕೂ ಘಟ್ಟ ಅಂದು ಅಂದು, ಈಗ ಪುಸ್ತಕ ಓದುವವರಿಗೆ ಘಟ್ಟ ಅಂದರೆ ಬೆಟ್ಟಸಾಲು ಅಂತಲೇ ಆಗಿದೆ.

(ಆಂಡೀಸ್, ಹಿಮಾಲಯಗಳಿಗೆ ಈ ತಲೆನೋವಿಲ್ಲ. ಅವಕ್ಕೆ 'ಸಾಲು' ಸಾಕು. ಬೊಲಿವಿಯಾದಲ್ಲಿ ಆಂಡೀಸ್ ಎರಡಾಗಿ ಒಡೆದು ನಡುವೆ ಆಲ್ಟಿಪ್ಲಾನೊ ಎಂಬ ಎತ್ತರದ ಬಯಲನ್ನು ಹಿಡಿದುಕೊಂಡಿದೆ. ಅದಕ್ಕೆ 'ಜೋಡಿಸಾಲು' ಅಂತ ಬರೆದಿದ್ದೇನೆ.)

ಈಗ ನನ್ನ ಮುಂದಿರುವುದು ಎರಡು: 'ಡ್ರೇಕನ್ಸ್‌ಬರ್ಗ್ ಘಟ್ಟ', ಇಲ್ಲವೇ 'ಘಟ್ಟದಂಚು'. ಎರಡನೆಯದು ನಾನೇ ಕಟ್ಟಿದ್ದು, ಸ್ವಲ್ಪ ಅಂಟಿಸಿದ ಹಾಗೆ ಕೇಳುತ್ತದೆ. ಮನಸ್ಸು ಮೊದಲನೆಯದರ ಕಡೆಗೇ ಇದೆ. ಶಿರಸಿ, ಮಡಿಕೇರಿ, ಖಾನಾಪುರದ ಕಡೆಯವರು ಈ ಮೆಟ್ಟಿಲಿಗೆ ಬೇರೆ ಏನಾದರೂ ಅನ್ನುತ್ತೀರಾ? ಹಳಬರ ಬಾಯಲ್ಲಿ ಕೇಳಿದ್ದರೂ ಸರಿ, ತಿಳಿಸಿ.